ಕತ್ತರಿಸಿದ ಹಸಿರು ವೈರು

ಪ್ಲಗ್ಗಿನ ಮೂರು ಕಡ್ಡಿಗಳಲ್ಲಿ ಒಂದರ ಬುಡ ಮಾತ್ರ ಕಂದುಬಣ್ಣಕ್ಕೆ ತಿರುಗಿತ್ತು. ಉಗುರಿನಿಂದ ಕೆರೆದಾಗ ಸುಟ್ಟ ಪ್ಲಾಸ್ಟಿಕ್ಕು ಪುಡಿಯಾಗಿ ಉದುರಿತು. ಗೋಡೆಯ ಸಾಕೆಟ್ಟಿನಲ್ಲೂ ಆ ಕಡ್ಡಿ ಕೂರುವ ತೂತಿನ ಸುತ್ತ ಅದೇ ಬಣ್ಣದ ಉಂಗುರವಿತ್ತು. ಹಾನಗಲ್ಲಿನ ನೀಲವ್ವ ಎಂಬವರ ಮನೆಯ ಬಚ್ಚಲ ಬಾಗಿಲಲ್ಲಿ ನಿಂತು ಅದನ್ನು ನೋಡಿದಾಗ, ಬಂದ ಕೆಲಸ ಬೇಗ ಮುಗಿಯುತ್ತದೆ ಎಂದುಕೊಂಡೆ. ಮುಗಿಯಲಿಲ್ಲ. ಅದನ್ನು ಹೇಳುವ ಮೊದಲು ಆ ಕೆಲಸ ಎಂಥದ್ದಾಗಿತ್ತು ಎಂದು ಸ್ವಲ್ಪ ಹೇಳಬೇಕು.

ನಾನು ಹುಬ್ಬಳ್ಳಿಯಲ್ಲಿ ಇಲೆಕ್ಟ್ರಿಕಲ್ ಇಂಜಿನಿಯರಿಂಗ್ ಓದಿ, ಶಿಗ್ಗಾಂವದ ಒಂದು ಸರ್ವಿಸ್ ಸೆಂಟರಿನಲ್ಲಿ ಗೀಸರ್ ರಿಪೇರಿಯ ಕೆಲಸಕ್ಕೆ ಸೇರಿದ್ದೆ. ಶಿಗ್ಗಾಂವ, ಸವಣೂರು, ಹಾನಗಲ್ಲು, ಹಿರೇಕೆರೂರು ತಾಲೂಕುಗಳ ಮನೆಗಳು ನನ್ನ ಪಾಲಿಗೆ ಬಂದವು. ಕೆಲವು ವರ್ಷ ಮಾಡಿ ಬಿಟ್ಟೆ. ನಿವೃತ್ತಿ ಎನ್ನುವ ವಯಸ್ಸು ನನ್ನದಲ್ಲ; ಬಿಟ್ಟ ಕಾರಣಗಳು ಮನೆಯವು, ಇಲ್ಲಿ ಬೇಡ. ಈಗ ಪಾಲಿಟೆಕ್ನಿಕ್ ಒಂದರಲ್ಲಿ ಕಲಿಸುತ್ತೇನೆ. ಇದೇ ಬಗೆಯ ಕೆಲಸಕ್ಕೆ ಹೊರಟ ವಿದ್ಯಾರ್ಥಿನಿಯರು ಆಗಾಗ ಕೇಳುತ್ತಾರೆ. ಪುಸ್ತಕದಲ್ಲಿ ಇಲ್ಲದ್ದನ್ನು ಅವರಿಗಾಗಿ ಬರೆದಿಡುತ್ತಿದ್ದೇನೆ.

ಗೀಸರಿನೊಳಗೆ ಹೆಚ್ಚೇನೂ ಇಲ್ಲ. ನೀರು ಕಾಯಿಸುವ ಕಾಯಿಲ್, ಬಿಸಿಯಾದಾಗ ಕರೆಂಟು ನಿಲ್ಲಿಸುವ ಥರ್ಮೋಸ್ಟ್ಯಾಟ್, ಅದೂ ಕೈಕೊಟ್ಟರೆ ಕಾಪಾಡಲು ಇನ್ನೊಂದು ಕಟ್‌ಔಟ್, ಕೆಂಪು ದೀಪ. ಒಳಗಿನದನ್ನು ಕಲಿಯಲು ವಾರ ಸಾಕು. ಹೊರಗಿನದು, ಎಂದರೆ ಮನೆಯ ವೈರಿಂಗು, ಊರಿನ ಕರೆಂಟು, ಮನೆಯ ಮಂದಿ, ಇವನ್ನು ಕಲಿಯುವುದು ನಿಧಾನ.

ನಮ್ಮ ಸೆಂಟರಿನ ಮೇಲಧಿಕಾರಿ ಕೋರಿ ಸರ್. ಅವರು ಅರ್ಧ ರಿಪೇರಿಯನ್ನು ಫೋನಿನಲ್ಲೇ ಮಾಡುತ್ತಿದ್ದರು. ಮನೆಯವರಿಗೆ ಫೋನನ್ನು ಗೀಸರಿನ ಹತ್ತಿರ ಹಿಡಿಯಲು ಹೇಳಿ, ಸ್ವಿಚ್ ಒತ್ತಿಸಿ, ಕಣ್ಣು ಮುಚ್ಚಿ ಕೇಳುತ್ತಿದ್ದರು. ಥರ್ಮೋಸ್ಟ್ಯಾಟಿನ 'ಟಿಕ್' ಬಂತೇ ಇಲ್ಲವೇ ಎನ್ನುವುದರ ಮೇಲೆ ನನ್ನ ಚೀಲದಲ್ಲಿ ಯಾವ ಸಾಮಾನು ಹೋಗಬೇಕೆಂದು ಅವರು ನಿರ್ಧರಿಸುತ್ತಿದ್ದರು. ಜನ ವಿಡಿಯೋ ಕಳಿಸತೊಡಗಿದ ಮೇಲೂ ಅವರು ಫೋನನ್ನು ಮೇಜಿನ ಮೇಲೆ ಬೋರಲು ಹಾಕಿ ಕೇಳುವುದನ್ನು ಬಿಡಲಿಲ್ಲ. "ಚಿತ್ರಾ ನೋಡಿದ್ರ ಲಕ್ಷ್ಯ ಬ್ಯಾರೆ ಕಡೆ ಹೋಗ್ತೈತಿ" ಎನ್ನುತ್ತಿದ್ದರು. ಅವರ ಇನ್ನೊಂದು ಮಾತನ್ನು ನಾನು ಅಷ್ಟಾಗಿ ಒಪ್ಪಿದವಳಲ್ಲ: "ಕಂಪ್ಲೇಂಟ್‌ನ್ಯಾಗ ಏನೈತಿ ಅದನ್ನ ಮಾಡು, ಬಾ. ಅವರ ಮನೀ ಪುರಾಣ ನಮಗ್ಯಾಕ?"

ಪುರಾಣ ಬೇಕಾಗುತ್ತದೆ. ಹಿರೇಕೆರೂರಿನ ಒಂದು ಮನೆಯಲ್ಲಿ ಗೀಸರ್ ತಾನಾಗಿಯೇ ಆರಿಹೋಗುತ್ತದೆ ಎಂದು ದೂರು. ನಾನು ಥರ್ಮೋಸ್ಟ್ಯಾಟ್ ಬದಲಿಸಿ ಬಂದೆ. ಮತ್ತೆ ಕರೆದರು, ಕಟ್‌ಔಟ್ ಬದಲಿಸಿದೆ. ಮತ್ತೂ ಕರೆದರು. ಆ ಸಲ ಏನನ್ನೂ ಬಿಚ್ಚದೆ ಪಡಸಾಲೆಯಲ್ಲಿ ಕುಳಿತೆ. ಸೊಸೆ ಸ್ವಿಚ್ ಹಾಕಿ ಅಡುಗೆಮನೆಗೆ ಹೋದರು. ಸ್ವಲ್ಪ ಹೊತ್ತಿಗೆ ಮನೆಯ ಅಜ್ಜ ಹಿತ್ತಲಿಗೆ ಹೋಗುತ್ತ, ನನ್ನ ಎದುರಿಗೇ, ಸ್ವಿಚ್ ಆರಿಸಿ ನಡೆದರು.

"ಯಾಕ ಬಂದ್ ಮಾಡಿದ್ರಿ ಅಜ್ಜಾರ?" ಎಂದು ಕೇಳಿದೆ.

"ಕೆಂಪ್ ಲೈಟ್ ಹತ್ತಿತ್ತಲ್ಲವಾ. ಕೆಂಪಂದ್ರ ನಿಲ್ಲಸಬೇಕು ಅಂತ ಬಸ್ ಡ್ರೈವರಗೂ ಗೊತ್ತೈತಿ."

ಸೊಸೆ ಲಟ್ಟಣಿಗೆ ಹಿಡಿದೇ ಹೊರಬಂದರು. "ಮಾವಾರ, ಇಷ್ಟ ದಿನಾ ನೀವ ಏನ್ರಿ ಅದು?"

"ಮತ್ತ? ನೀ ದೆವ್ವ ಅಂದಕೊಂಡಿದ್ದಿ ಏನು?"

ಸವಣೂರಿನಲ್ಲಿ ಇನ್ನೊಂದು. ಮಧ್ಯಾಹ್ನ ಚೆನ್ನಾಗಿ ಕಾಯುವ ಗೀಸರು ಬೆಳಿಗ್ಗೆ ಮಾತ್ರ ಕಾಯದು. ಓಣಿಯವರೆಲ್ಲ ಬೆಳಿಗ್ಗೆ ಒಮ್ಮೆಲೇ ಗೀಸರ್ ಹಚ್ಚಿದಾಗ ವೋಲ್ಟೇಜು ಇಳಿಯುತ್ತಿತ್ತು, ಜೊತೆಗೆ ಕಂಬದಿಂದ ಮನೆಗೆ ಬಂದ ವೈರಿನ ಜೋಡಣೆ ಸಡಿಲಾಗಿತ್ತು. ನಾನು ಏಣಿ ಹತ್ತುವಾಗ ಮನೆಯ ಹಿರಿಯ ಹೆಂಗಸು ಖೈರುನ್‌ಬಿ ಕೆಳಗೆ ನಿಂತು, "ಏನ್ ಬೇಟಿ, ನಿಮ್ಮ ಕಂಪನಿಯಾಗ ಗಂಡಸ್ರು ಖಾಲಿ ಆದ್ರೇನು?" ಎಂದು ಕೇಳಿದರು. ಕೇಳುತ್ತಲೇ ಏಣಿಯನ್ನು ಎರಡೂ ಕೈಯಿಂದ ಗಟ್ಟಿಯಾಗಿ ಹಿಡಿದಿದ್ದರು. ಇಂಥ ಮಾತಿಗೆ ಉತ್ತರ ಕೊಡುವುದನ್ನು ನಾನು ಬೇಗ ಬಿಟ್ಟೆ. ಒಂದು ಅನುಕೂಲವೂ ಇತ್ತು. ಹೆಣ್ಣುಮಗಳು ಎಂದು ಬಚ್ಚಲವರೆಗೂ, ಅಡುಗೆಮನೆಯವರೆಗೂ ಬಿಡುತ್ತಿದ್ದರು. ನಮ್ಮ ಸೆಂಟರಿನ ಗಂಡಸರು ಪಡಸಾಲೆ ದಾಟಲು ಯಾರಾದರೂ ಬಂದು ಕರೆಯುವವರೆಗೆ ಕಾಯಬೇಕಾಗುತ್ತಿತ್ತು. ಹಾನಗಲ್ಲಿನ ಆ ಮನೆಯಲ್ಲಿ ಅದೇ ಉಪಯೋಗಕ್ಕೆ ಬಂತು.

ನೀಲವ್ವನವರ ಮಗಳು ಸುಮಾ ಚೊಚ್ಚಲ ಹೆರಿಗೆಗೆ ತವರಿಗೆ ಬಂದಿದ್ದಳು. ಹೆಣ್ಣುಕೂಸು. ಬಾಣಂತಿಗೂ ಕೂಸಿಗೂ ನೀರು ಎರೆಯಲು ಪಕ್ಕದ ಓಣಿಯಿಂದ ದಿನವೂ ಗಂಗವ್ವ ಎಂಬ ಮುದುಕಿ ಬರುತ್ತಿದ್ದಳು. ನಾನು ಹೋದಾಗ ಆ ಹೊತ್ತಿನ ಕೆಲಸ ಮುಗಿಸಿ ಪಡಸಾಲೆಯ ಕಂಬಕ್ಕೆ ಒರಗಿ ಎಲೆ ಅಡಿಕೆ ಹಾಕಿಕೊಳ್ಳುತ್ತಿದ್ದಳು. ಒಳಗಿನಿಂದ ಲೋಬಾನದ ಹೊಗೆ ಬರುತ್ತಿತ್ತು.

"ಬಾಣಂತಿ ಮನಿ ತಂಗಿ" ಎಂದರು ನೀಲವ್ವ. "ಗೀಸರ್ ಹಚ್ಚಿದ್ರ ಅದರ ಕೆಂಪ್ ಲೈಟ್ ಹತ್ತೂದು, ಆರೂದು ಮಾಡ್ತೈತಿ. ನೀರು ಲಗೂ ಕಾಯಂಗಿಲ್ಲ. ಕಾಯೂದರಾಗ ಕೂಸು ಅತ್ತು ಅತ್ತು ಮಲಗೇ ಬಿಡ್ತೈತಿ."

ಸಡಿಲಾದ ಸಾಕೆಟ್ಟು ಬಿಸಿಯಾಗಿ ಪ್ಲಗ್ಗಿನ ಕಡ್ಡಿಯನ್ನು ಸುಟ್ಟಿತ್ತು. ದೂರಿನಲ್ಲಿದ್ದದ್ದಕ್ಕೆ ಅಷ್ಟು ಕಾರಣ ಸಾಕು. ಹೊಸ ಸಾಕೆಟ್ಟು ಹಾಕಿದೆ. ಪ್ಲಗ್ಗನ್ನೂ ಬದಲಿಸೋಣ ಎಂದು ಬಿಚ್ಚಿದೆ. ಒಳಗೆ ಎರಡೇ ವೈರು. ಮೂರನೆಯದಾದ ಹಸಿರು ಬಣ್ಣದ ಅರ್ಥಿಂಗ್ ವೈರನ್ನು ಯಾರೋ ಕತ್ತರಿಸಿ, ತುದಿಯನ್ನು ಹಿಂದಕ್ಕೆ ಮಡಚಿ, ಮೇಲೆ ಟೇಪು ಸುತ್ತಿದ್ದರು. ಅಚ್ಚುಕಟ್ಟಾಗಿ ಸುತ್ತಿದ್ದರು.

"ಇದನ್ನ ಯಾರು ಕಡದ್ರಿ?"

"ನಮ್ಮ ಮಲ್ಲೇಶಿ, ಇಲ್ಲೇ ಓಣ್ಯಾಗಿನವ. ಮೊದಲ ಗೀಸರ್ ಹಚ್ಚಿದ ಕೂಡ್ಲೇ ಮನೀದೆಲ್ಲಾ ಕರೆಂಟ್ ಹೋಗತಿತ್ತು. ಅವಾ ಬಂದು ಒಂದ ವೈರ್ ಕಡದಾ ನೋಡು, ಆವತ್ತಿಂದ ಒಮ್ಮಿನೂ ಹೋಗಿಲ್ಲ. ಚಲೋ ಹುಡುಗ. ಬಾಣಂತಿ ಮನಿ ಅಂತ ಚಾ ಸೈತ ಕುಡೀಲಿಲ್ಲ."

ಇದನ್ನು ವಿದ್ಯಾರ್ಥಿನಿಯರು ನಿಧಾನವಾಗಿ ಓದಬೇಕು. ಕಾಯಿಲ್ ಸೀಳು ಬಿಟ್ಟರೆ ಕರೆಂಟು ನೀರಿಗೆ, ನೀರಿನಿಂದ ಗೀಸರಿನ ಮೈಗೆ ಸೋರುತ್ತದೆ. ಹಸಿರು ವೈರು ಇದ್ದರೆ ಆ ಸೋರಿಕೆ ನೆಲಕ್ಕೆ ಹೋಗುತ್ತದೆ. ಅದನ್ನು ಕಂಡು ಮೀಟರ್ ಬೋರ್ಡಿನ ಸ್ವಿಚ್ಚು ತಾನೇ ಬಿದ್ದು ಮನೆಯ ಕರೆಂಟು ನಿಲ್ಲಿಸುತ್ತದೆ. ಮನೆಯವರಿಗೆ ಸ್ವಿಚ್ಚು ಬೀಳುವುದೇ ತೊಂದರೆಯಾಗಿ ಕಾಣುತ್ತದೆ. ಹಸಿರು ವೈರು ಕತ್ತರಿಸಿದರೆ ಬೀಳುವುದು ನಿಲ್ಲುತ್ತದೆ. ಸೋರುವುದು ನಿಲ್ಲುವುದಿಲ್ಲ. ಅದು ಗೀಸರಿನ ಮೈಯಲ್ಲಿ, ಅಲ್ಲಿಂದ ನಳಕ್ಕೆ ಬಂದ ಕಬ್ಬಿಣದ ಪೈಪಿನಲ್ಲಿ, ಯಾರಾದರೂ ಮುಟ್ಟುವವರೆಗೆ ಕಾಯುತ್ತಿರುತ್ತದೆ.

"ನಳಾ ಮುಟ್ಟಿದಾಗ ಏನಾರ ಆಗ್ತೈತೇನ್ರಿ?" ಎಂದು ಕೇಳಿದೆ.

"ಏನೂ ಇಲ್ಲಲ್ಲ" ಎಂದರು ನೀಲವ್ವ.

ಒಳಗೆ ಹೊರಸಿನ ಮೇಲಿದ್ದ ಸುಮಾಳ ದನಿ ಬಂತು. "ಅವ್ವಾ, ನನ್ನ ಕೈ ಜುಮ್ ಅಂತಾವಲ್ಲ."

"ಅದು ವಾಯು. ಅದಕೂ ಗೀಸರಿಗೂ ಏನ ಸಂಬಂಧ?"

ಗಂಗವ್ವ ಎಲೆಯನ್ನು ದವಡೆಗೆ ಸರಿಸಿ ನನ್ನ ಕಡೆ ತಿರುಗಿದಳು. "ಬಾಣಂತಿ ಕೈಕಾಲು ಜುಮ್ ಅನ್ನದ ಇನ್ಯಾರವು ಅಂತಾವು? ಹಸೀ ಮೈ. ಅದಕ ಈಗ ಇನ್ನೂ ಸುಡುಸುಡು ನೀರ ಹಾಕಾಕತ್ತೇನಿ. ಮೊದಲ ಅರ್ಧಾ ಎರದ ಮ್ಯಾಲ ಬಂದ್ ಮಾಡತಿದ್ವಿ. ವಾಯು ಹೆಚ್ಚಾದ ಮ್ಯಾಲ ಎರದು ಮುಗಿಯೂಮಟಾ ಹಚ್ಚೇ ಬಿಟ್ಟಿರತೇವಿ."

ನಾನು ಕೈಯಲ್ಲಿದ್ದ ಪ್ಲಗ್ಗನ್ನು ಕೆಳಗಿಟ್ಟೆ.

"ನಿಮ್ಮ ಕೈ ಹೆಂಗ ಅದಾವ ಆಯಿ?"

"ನನಗೂ ಅಂತಾವು. ನನಗ ವಯಸ್ಸಾತು. ಬೇವಿನೆಣ್ಣಿ ತಿಕ್ಕಾಕತ್ತೇನಿ."

"ಯಾವಾಗ ಅಂತಾವು?"

ಉತ್ತರ ಕೊಟ್ಟವಳು ಸುಮಾ. "ಎರಕೊಳ್ಳುವಾಗಷ್ಟ ರೀ. ಆಮ್ಯಾಲ ಅನ್ನಂಗಿಲ್ಲ." ಹೊರಸು ಕಿರುಗುಟ್ಟಿ ಅವಳು ಎದ್ದು ಕೂತ ಸದ್ದಾಯಿತು. ತನ್ನ ಮಾತು ತನಗೇ ಕೇಳಿಸಿದಂತೆ ತೋರಿತು.

ಎರೆಯುವ ರೀತಿ ಹೇಗೆ ಎಂದು ಗಂಗವ್ವನನ್ನು ಕೇಳಿದೆ. ಅವಳು ಪಡಸಾಲೆಯಲ್ಲೇ ಕಾಲು ಚಾಚಿ ತೋರಿಸಿದಳು. ಬಾಣಂತಿಯನ್ನು ಕಟ್ಟಿಗೆಯ ಮಣೆಯ ಮೇಲೆ ಕೂರಿಸುತ್ತಾರೆ; ಅವಳು ಆಸರೆಗೆ ನಳ ಹಿಡಿದಿರುತ್ತಾಳೆ. ಕೂಸಿಗೆ ಎರೆಯುವಾಗ ಗಂಗವ್ವ ತಾನೇ ಮಣೆಯ ಮೇಲೆ ಕೂತು, ಹಿಮ್ಮಡಿಯನ್ನು ಇನ್ನೊಂದು ಮಣೆಗೆ ಊರಿ, ಚಾಚಿದ ಕಾಲಿನ ಮೇಲೆ ಕೂಸನ್ನು ಬೋರಲು ಹಾಕಿಕೊಳ್ಳುತ್ತಾಳೆ. ಒಂದು ಕೈ ಕೂಸಿನ ಬೆನ್ನ ಮೇಲೆ. ಇನ್ನೊಂದು ಕೈಯಿಂದ ನಳ ತಿರುವಿ ತಂಬಿಗೆ ತುಂಬಿಸುತ್ತಾಳೆ. ಈವರೆಗೆ ಅವರನ್ನು ಉಳಿಸಿದ್ದು ಕರೆಂಟನ್ನು ನೆಲಕ್ಕೆ ಇಳಿಯಗೊಡದ ಆ ಕಟ್ಟಿಗೆಯ ಮಣೆಗಳು ಎಂದು ನನಗೆ ಅನ್ನಿಸಿತು. ಗಂಗವ್ವನ ಹಿಮ್ಮಡಿ ಜಾರಿ ಹಸಿ ನೆಲಕ್ಕೆ ತಾಗಿದ ದಿನ ಕರೆಂಟು ಅವಳ ಮೈಯಿಂದ ಹಾದು ನೆಲಕ್ಕೆ ಇಳಿಯುತ್ತಿತ್ತು.

ನನ್ನ ಚೀಲದಲ್ಲಿ ಕರೆಂಟು ಅಳೆಯುವ ಒಳ್ಳೆಯ ಮೀಟರು ಇತ್ತು. ಅದರ ಅಂಕಿ ನನಗೆ ಸಾಕು, ಅವರಿಗೆ ಸಾಲದು. ಆದ್ದರಿಂದ ಎಲ್ಲರಿಗೂ ಗೊತ್ತಿರುವ ಟೆಸ್ಟರ್ ತೆಗೆದೆ. ಸುಮಾ ಎದ್ದು ಬಂದಳು. ಕಿವಿಗೆ ಬಟ್ಟೆ ಬಿಗಿದಿದ್ದಳು. "ಗಾಳಿಗೆ ಬರಬ್ಯಾಡ" ಎಂದು ನೀಲವ್ವ ಗದರಿದರೂ ಬಚ್ಚಲ ಬಾಗಿಲಲ್ಲೇ ನಿಂತಳು.

ಬಿಚ್ಚಿದ ಪ್ಲಗ್ಗನ್ನು ಇದ್ದ ಹಾಗೇ ಜೋಡಿಸಿ ಗೀಸರ್ ಹಚ್ಚಿ, ಟೆಸ್ಟರಿನ ತುದಿಯನ್ನು ನಳಕ್ಕೆ ತಾಗಿಸಿದೆ. ಒಳಗಿನ ಸಣ್ಣ ದೀಪ ಹೊತ್ತಿತು. ಸ್ವಿಚ್ ತೆಗೆಸಿದೆ, ಆರಿತು. ಹಾಕಿಸಿದೆ, ಹೊತ್ತಿತು.

"ಇನ್ನೊಮ್ಮೆ ಮಾಡ್ರಿ" ಎಂದಳು ಸುಮಾ.

ಮಾಡಿದೆ.

"ಗಂಗವ್ವಾಯಿ" ಎಂದಳು ಅವಳು, ದನಿ ಏರಿಸದೆ. "ಒಂದ ಕೈ ಕೂಸಿನ ಮ್ಯಾಲ ಇಟ್ಟು ಇನ್ನೊಂದ ಕೈಲೆ ಇದನ್ನ ತಿರುವ್ತಿ ನೀ."

ಗಂಗವ್ವ ತನ್ನ ಅಂಗೈಗಳನ್ನು ನೋಡಿಕೊಂಡಳು. ನೀಲವ್ವ ಮಾತಾಡಿದರು. "ಇಷ್ಟ ಸಣ್ಣ ದೀಪಕ್ಕ ಏನ ಆಗ್ತೈತಿ? ಎಲ್ಲಾರ ಮನ್ಯಾಗೂ ಒಂದೀಟು ಇರತೈತಿ ಅಂತ ಮಲ್ಲೇಶಿ ಅಂದಾನ."

ನಾನು ಅಂಗಳಕ್ಕೆ ಹೋಗಿ ಕೋರಿ ಸರ್‌ಗೆ ಫೋನ್ ಮಾಡಿದೆ. ಆ ಅಳತೆಯ ಕಾಯಿಲ್ ನಮ್ಮಲ್ಲಿ ಇರಲಿಲ್ಲ. ಹುಬ್ಬಳ್ಳಿಯಿಂದ ಬರಬೇಕು, ನಾಡಿದ್ದು ಬಂದೀತು ಎಂದರು.

"ಸಾಕೆಟ್ ಹಾಕಿದಿ ಅಲ್ಲ? ಹಂಗಾರ ಈ ಕಂಪ್ಲೇಂಟ್ ಮುಗೀತು. ಕಾಯಿಲಿಗೆ ಬ್ಯಾರೆ ಕಂಪ್ಲೇಂಟ್ ಕೊಡಾಕ ಹೇಳು. ಪ್ಲಗ್ ತಗದಿಟ್ಟು ಬಾ."

"ತಗದಿಟ್ಟ ಪ್ಲಗ್ ಮತ್ತ ಹಾಕ್ತಾರ್ರಿ ಸರ್. ನಾಳೆ ಮುಂಜಾನೆ ಕೂಸಿಗೆ ಎರಿಯೂದೈತಿ."

"ಕೂಸಿಗೇನು? ಹಂಗಾದ್ರ ಕಾಯಿಲ್ ಕಿತ್ತುಕೊಂಡ ಬಾ. ಆದ್ರ ಅವರು ಹ್ಞೂಂ ಅನ್ನದ ಕೈ ಹಚ್ಚಬ್ಯಾಡ. ನಾಳೆ ನಮ್ಮ ಗೀಸರ್ ಕೆಡಿಸಿಹೋದ್ರು ಅಂದಾರು."

ಒಳಗೆ ಬಂದು ಹೇಳಿದೆ. ನೀಲವ್ವನವರ ಮುಖ ಕೆಂಪಾಯಿತು.

"ಕಿತ್ತುಕೊಂಡ ಹೋದ್ರ ನಾಳೆ ಏನ ಮಾಡೂಣು? ಬಚ್ಚಲಿಗೆ ಫರ್ಸಿ ಕಲ್ಲು ಹಾಕಿಸುವಾಗ ನೀರೊಲಿ ಒಡದ್ವಿ, ಹಂಡೇನೂ ಕೊಟ್ಟಬಿಟ್ವಿ. ಬಾಣಂತಿಗೆ ತಣ್ಣೀರ ಹಾಕು ಅಂತೀಯೇನು? ನಿನಗ ಮಕ್ಕಳದಾವೇನವಾ? ಇಲ್ಲಲ್ಲ. ಗೊತ್ತಾಗಂಗಿಲ್ಲ ಬಿಡು."

ಅವರು ಒಪ್ಪದಿದ್ದರೆ ನಿಯಮದ ಪ್ರಕಾರ ನನ್ನ ಕೈಯಲ್ಲಿ ಉಳಿದದ್ದು ಪ್ಲಗ್ಗನ್ನು ತೆಗೆದಿಟ್ಟು ಹೋಗುವುದೊಂದೇ. ಹಾಗೆ ಹೋದರೆ ಮಲ್ಲೇಶಿ ಸಂಜೆ ಬಂದು ಹಾಕಿಕೊಡುತ್ತಿದ್ದ. ಅವನದು ಕೆಟ್ಟ ಮನಸ್ಸಲ್ಲ. ಬಾಣಂತಿ ಮನೆಗೆ ಬಿಸಿನೀರು ಆಗಬೇಕು ಎಂಬುದಷ್ಟೇ ಅವನಿಗೆ ಗೊತ್ತಿತ್ತು.

"ತಗೀರಿ ಅದನ್ನ" ಎಂದಳು ಸುಮಾ.

"ಸುಮಾ, ನೀ ಸುಮ್ಕಿರು. ಒಳಗ ನಡಿ."

"ಕೂಸು ನಂದು. ತಗೀರಿ ಅಕ್ಕಾರ."

ನೀಲವ್ವ ಮಗಳನ್ನು ನೋಡಿದರು. ಆಮೇಲೆ ನನ್ನತ್ತ ತಿರುಗದೆ, "ತಗಿ ಮತ್ತ" ಎಂದು ಅಡುಗೆಮನೆಗೆ ಹೋದರು.

ಮೇನ್ ಸ್ವಿಚ್ ತೆಗೆದು, ಮಾಳಿಗೆ ಮೇಲಿನ ಟಾಕಿಯಿಂದ ಬರುವ ನೀರು ಕಟ್ಟಿ, ಗೀಸರನ್ನು ಖಾಲಿ ಮಾಡಿ ಕಾಯಿಲ್ ಹೊರತೆಗೆದೆ. ಬೋರ್‌ವೆಲ್ ನೀರಿನ ಸುಣ್ಣ ಅದರ ಮೇಲೆ ಬೆರಳು ದಪ್ಪ ಕಟ್ಟಿತ್ತು. ಕೆರೆದಾಗ ಬಾಗಿನ ಹತ್ತಿರ ಸಣ್ಣ ಸೀಳು ಕಂಡಿತು. ಗೀಸರಿಗೆ ಹೋಗುವ ಎರಡೂ ಪೈಪುಗಳ ಬಾಯಿ ಮುಚ್ಚಿ, ಟಾಕಿಯ ನೀರು ನೇರವಾಗಿ ನಳಕ್ಕೆ ಬರುವಂತೆ ಮಾಡಿದೆ. ಗೋಡೆಯಿಂದ ಬಂದ ವೈರಿನ ತುದಿಗಳನ್ನೂ ಬಿಚ್ಚಿ ಮುಚ್ಚಿದೆ.

ಗಂಗವ್ವ ಕಾಯಿಲ್ ಕೈಗೆ ತೆಗೆದುಕೊಂಡು ತಿರುಗಿಸಿ ನೋಡಿದಳು. "ಹಂಗಂದ್ರ ನಂದು ವಾಯು ಅಲ್ಲ?"

"ಅಲ್ಲ ಅನಸ್ತೈತಿ ಆಯಿ."

"ಮತ್ತ ನಾ ಇಷ್ಟ ದಿನಾ ಬೇವಿನೆಣ್ಣಿ ತಿಕ್ಕಿದ್ದು?"

ಅಡುಗೆಮನೆಯಿಂದ ನೀಲವ್ವನವರ ದನಿ ಬಂತು. "ಕೈ ಮೆತ್ತಗಾಗ್ಯಾವ, ಬಿಡು. ಕೂಸಿಗೆ ಚಲೋ ಆತು."

ಹೊರಡುವಾಗ ಸುಮಾ ಬಾಗಿಲ ಹಿಂದೆ ನಿಂತಿದ್ದಳು. ಕೂಸು ಅವಳ ಹೆಗಲ ಮೇಲಿತ್ತು.

"ಅಕ್ಕಾರ, ಗೀಸರ್ ಬಿಚ್ಚಿದ್ರಿ ಖರೆ. ಬಿಸಿನೀರಿಗೆ ಬೆರಸಾಕ ತಣ್ಣೀರು ಅದೇ ನಳದಾಗ ಬರೂದಲ್ಲ?"

"ಈಗ ಅದರಾಗ ಕರೆಂಟ್ ಇಲ್ಲ."

"ನಿನ್ನೆ ಐತಿ ಅಂತಾನೂ ಯಾರಿಗೂ ಗೊತ್ತಿರಲಿಲ್ಲ" ಎಂದಳು.

ಶಿಗ್ಗಾಂವಕ್ಕೆ ಮರಳುವ ಬಸ್ಸಿನಲ್ಲಿ ಅದೇ ಮಾತು ನೆನಪಾಗುತ್ತಿತ್ತು. ಮಾಡಿದ್ದು ಸರಿಯಾಗಿತ್ತು, ಅಳೆದು ನೋಡಿದ್ದೂ ಆಗಿತ್ತು. ಆದರೆ ತನ್ನ ಮೈ ಹೇಳಿದ್ದನ್ನು ಮನೆಯವರೆಲ್ಲ ವಾಯು ಎಂದಾಗ ಅವಳು ನಂಬಿದ್ದಳು. ಈಗ ನಾನು ಇಲ್ಲ ಎಂದದ್ದನ್ನು ಅವಳು ಯಾಕೆ ನಂಬಬೇಕು?

ಮರುದಿನ ಬೆಳಿಗ್ಗೆ ಸೆಂಟರಿಗೆ ಹೋಗುವ ಬದಲು ಮೊದಲ ಬಸ್ಸಿಗೆ ಹಾನಗಲ್ಲಿಗೆ ಹೋದೆ. ಅಲ್ಲಿ ನನಗೆ ಕೆಲಸವಿರಲಿಲ್ಲ. ಅಂಗಳದಲ್ಲಿ ಮೂರು ಕಲ್ಲು ಹೂಡಿ, ಯಾರದೋ ಮನೆಯಿಂದ ತಂದ ಹಂಡೆ ಇಟ್ಟು, ನೀಲವ್ವ ಕಾಳು ಬಿಡಿಸಿದ ಗೋವಿನಜೋಳದ ಬೆಂಡು ಉರಿಸುತ್ತಿದ್ದರು. ನನ್ನನ್ನು ಕಂಡು "ಬಾ" ಎಂದರು, ಅಷ್ಟೇ. ಪಕ್ಕದಲ್ಲಿದ್ದ ಬಕೆಟ್ಟನ್ನು ಕಾಲಿನಿಂದ ನನ್ನ ಕಡೆ ಸರಿಸಿದರು. ನಾನು ಬಿಸಿನೀರು ತುಂಬಿ ಬಚ್ಚಲಿಗೆ ಒಯ್ದೆ.

ಗಂಗವ್ವ ಮಣೆಯ ಮೇಲೆ ಕಾಲು ಚಾಚಿ ಕೂತಾಗಿತ್ತು. ಸುಮಾ ಕೂಸನ್ನು ಎತ್ತಿಕೊಂಡು ಹೊಸ್ತಿಲ ಆಚೆಗೇ ನಿಂತಿದ್ದಳು, ಒಳಗೆ ಬರಲಿಲ್ಲ. "ನೀರ ಆರಾಕತ್ತಾವು" ಎಂದು ನೀಲವ್ವ ಹಿಂದಿನಿಂದ ಕೂಗಿದರು. ಅವಳು ನಳವನ್ನೇ ನೋಡುತ್ತಿದ್ದಳು.

ನಾನು ಮೀಟರು ಹಿಡಿದು ನಳವನ್ನು ಇನ್ನೊಮ್ಮೆ ನೋಡಿದೆ. ಅದು ನನಗಾಗಿ. ಆಮೇಲೆ ಮೀಟರನ್ನು ಚೀಲಕ್ಕೆ ಹಾಕಿ, ಚಪ್ಪಲಿ ಬಿಟ್ಟು ಹಸಿ ನೆಲದ ಮೇಲೆ ನಿಂತೆ. ಬಲಗೈಯನ್ನು ಬಕೆಟ್ಟಿನಲ್ಲಿ ಅದ್ದಿ ತೆಗೆದು, ನಳವನ್ನು ಮುಷ್ಟಿ ತುಂಬ ಹಿಡಿದೆ. ಹೀಗೆ ಎಂದೂ ಮಾಡಬಾರದು ಎಂದು ನನಗೆ ಕಲಿಸಿದ್ದರು. ನಾನೂ ಈಗ ಹಾಗೆಯೇ ಕಲಿಸುತ್ತೇನೆ.

ಸುಮಾ ನನ್ನ ಕೈಯನ್ನು ನೋಡಿದಳು, ಮುಖವನ್ನು ನೋಡಿದಳು. ಸ್ವಲ್ಪ ಹೊತ್ತಿಗೆ ಅವಳು ಹೊಸ್ತಿಲು ದಾಟಿ ಬಗ್ಗಿ, ಕೂಸನ್ನು ಗಂಗವ್ವನ ಕಾಲಿನ ಮೇಲೆ ಮಲಗಿಸಿದಳು.

"ಕೈ ಸರಸವ್ವಾ" ಎಂದಳು ಗಂಗವ್ವ. "ನಾ ತಣ್ಣೀರ ಬಿಡಬೇಕು."

ನಾನು ಕೈಯನ್ನು ನಳದಿಂದ ಮೇಲಿನ ಪೈಪಿಗೆ ಸರಿಸಿದೆ. ಗಂಗವ್ವ ನಳ ತಿರುವಿದಳು. ಎರೆದು ಮುಗಿಯುವವರೆಗೂ ನಾನು ಆ ಪೈಪಿನಿಂದ ಕೈ ತೆಗೆಯಲಿಲ್ಲ.